ಎರಡು ನಿಮಿಷದ ನಗು

ಸ್ಟುಡಿಯೋದಲ್ಲಿ ಆಕೆಯನ್ನು ಎಲ್ಲರೂ ಕತ್ತರಿಯಕ್ಕ ಎಂದೇ ಕರೆಯುತ್ತಿದ್ದರು. ಹೆತ್ತವರು ಇಟ್ಟ ಹೆಸರು ಗುರುತಿನ ಚೀಟಿಯ ಮೇಲಷ್ಟೇ ಉಳಿದಿತ್ತು. ಸಿನಿಮಾ ರೀಲನ್ನು ಕೈಯಲ್ಲಿ ಹಿಡಿದು ಕತ್ತರಿಸಿ ಅಂಟಿಸುತ್ತಿದ್ದ ಕಾಲದಲ್ಲಿ ಕೆಲಸಕ್ಕೆ ಸೇರಿದವಳು, ರೀಲು ಹೋಗಿ ಕಂಪ್ಯೂಟರ್ ಬಂದ ಮೇಲೂ ಅದೇ ಮೂರನೆಯ ಮಹಡಿಯ ಕಿಟಕಿಯಿಲ್ಲದ ಕೋಣೆಯಲ್ಲಿ ಕೂತು ಇಪ್ಪತ್ತಾರು ವರ್ಷ ಟ್ರೇಲರ್ ಮಾಡಿದಳು. ಸಿನಿಮಾ ಯಾರದ್ದೇ ಇರಲಿ, ಜನರನ್ನು ಚಿತ್ರಮಂದಿರದ ಬಾಗಿಲಿಗೆ ಎಳೆದು ತರುವ ಆ ಎರಡು ನಿಮಿಷ ಮಾತ್ರ ಆಕೆಯ ಕೈಯಿಂದಲೇ ಆಗಬೇಕು ಎಂದು ಹಟ ಹಿಡಿಯುವ ನಿರ್ಮಾಪಕರಿದ್ದರು.

ಆಕೆಯ ಕೈಚಳಕದ ಬಗ್ಗೆ ಕತೆಗಳೇ ಹುಟ್ಟಿಕೊಂಡಿದ್ದವು. ಆಕಳಿಕೆ ತರಿಸುವ ಒಂದು ಸಂಸಾರದ ಸಿನಿಮಾದಿಂದ ಮೂರು ಬಾಗಿಲು, ಒಂದು ಹಾಲಿನ ಲೋಟ, ಅತ್ತೆಯ ಒಂದು ವಾರೆನೋಟ ಹೆಕ್ಕಿ ತೆಗೆದು, ಕೆಳಗೆ ಗುಂಯ್ ಎನ್ನುವ ಸದ್ದು ಹಾಕಿ, ಅದು ದೆವ್ವದ ಸಿನಿಮಾ ಎಂದು ಜನ ನಂಬುವ ಹಾಗೆ ಮಾಡಿದ್ದಳು. ಇನ್ನೊಂದು ಸಿನಿಮಾದ ನಾಯಕ ಮೊದಲಿನಿಂದ ಕೊನೆಯವರೆಗೆ ಒಂದೇ ಸಲ ಓಡುತ್ತಾನೆ, ಅದೂ ಬಸ್ಸು ತಪ್ಪುತ್ತದೆಂದು. ಟ್ರೇಲರ್‌ನಲ್ಲಿ ಆ ಓಟ ನಾಲ್ಕು ಕಡೆ ಬಂದು, ಬೆನ್ನ ಹಿಂದೆ ಪೊಲೀಸರ ದಂಡೇ ಇದೆಯೇನೋ ಅನ್ನಿಸಿತ್ತು. ಇದೇನಕ್ಕ ಹೀಗೆ ಎಂದು ಕೇಳಿದವರಿಗೆ, ತಾನು ಹೊಸ ದೃಶ್ಯ ಯಾವುದನ್ನೂ ಸೇರಿಸಿಲ್ಲ, ಇದ್ದದ್ದನ್ನೇ ಜೋಡಿಸಿದ್ದೇನೆ ಎನ್ನುತ್ತಿದ್ದಳು. ಅದು ಸುಳ್ಳೂ ಆಗಿರಲಿಲ್ಲ.

ಪ್ರತಿ ಸಿನಿಮಾದ ಮೊದಲ ದಿನ ಟಿಕೆಟ್ ತೆಗೆದುಕೊಂಡು ಹೋಗಿ ಕೊನೆಯ ಸಾಲಿನಲ್ಲಿ ಕೂರುವುದು ಆಕೆಯ ರೂಢಿ. ಜನ ಪರದೆ ನೋಡುತ್ತಿದ್ದರೆ ಆಕೆ ಜನರ ತಲೆಗಳನ್ನು ನೋಡುತ್ತಿದ್ದಳು. ಟ್ರೇಲರ್‌ನಲ್ಲಿ ಕಂಡ ತುಣುಕು ಬಂದ ಕೂಡಲೇ, ನೆಂಟರು ಬಾಗಿಲಲ್ಲಿ ಕಾಣಿಸಿಕೊಂಡ ಹಾಗೆ, ತಲೆಗಳೆಲ್ಲ ಒಟ್ಟಿಗೆ ನೆಟ್ಟಗಾಗುತ್ತಿದ್ದವು. ಪಕ್ಕದವರನ್ನು ಮೊಣಕೈಯಿಂದ ತಿವಿಯುತ್ತಿದ್ದರು. ಆ ತುಣುಕು ಬಾರದಿದ್ದರೆ ಎದುರಿಗೆ ಏನು ನಡೆಯುತ್ತಿದ್ದರೂ ಕಣ್ಣಿಗೆ ಹತ್ತದೆ ಅದಕ್ಕೇ ಕಾಯುತ್ತಿದ್ದರು. ಇದನ್ನೆಲ್ಲ ಆಕೆ ಬಲ್ಲಳು. ಮುಂದೆ ಆದದ್ದು ಗೊತ್ತಿಲ್ಲದೆ ಆದದ್ದು ಎಂದು ಆಕೆ ಯಾವತ್ತೂ ಹೇಳಿಕೊಳ್ಳಲಿಲ್ಲ.

ಆಕೆಗೆ ಆರು ವರ್ಷಕ್ಕೆ ದೊಡ್ಡವನಾದ ಒಬ್ಬ ಅಣ್ಣ. ಅವನೂ ಸಿನಿಮಾದವನೇ. ಮೂವತ್ತು ವರ್ಷ ಬೇರೆಯವರ ಕೈಕೆಳಗೆ ಸಹನಿರ್ದೇಶಕನಾಗಿ ದುಡಿದ. ಸೆಟ್ಟಿನಲ್ಲಿ ಯಾರ ಕುರ್ಚಿ ಎಲ್ಲಿ, ಯಾರ ಮೂಗಿನ ಮೇಲೆ ಸಿಟ್ಟು ಎನ್ನುವುದು ಅವನಿಗೆ ಬಾಯಿಪಾಠ. ತನ್ನದೇ ಒಂದು ಸಿನಿಮಾ ಮಾಡಬೇಕೆಂಬ ಆಸೆಯನ್ನು ಹೊಟ್ಟೆಯಲ್ಲೇ ಇಟ್ಟುಕೊಂಡು ಐವತ್ತು ದಾಟಿದ. ಆ ಹೊತ್ತಿಗೆ ಅಮ್ಮನಿಗೆ ಮರೆವಿನ ಕಾಯಿಲೆ ಹಿಡಿಯಿತು. ಅಮ್ಮ ಇದ್ದದ್ದು ಅಣ್ಣನ ಮನೆಯಲ್ಲಿ. ಅವನು ಕೆಲಸ ಬಿಟ್ಟು, ಎರಡು ವರ್ಷ, ಹೆಂಡತಿಯ ಜೊತೆ ಸೇರಿ ಅಮ್ಮನನ್ನು ನೋಡಿಕೊಂಡ. ಉಣ್ಣಿಸುವುದು, ಮೀಯಿಸುವುದು, ಬೀದಿಗೆ ಇಳಿದು ಹೋದರೆ ಹುಡುಕಿ ತರುವುದು, ಎಲ್ಲ ಅವರಿಬ್ಬರದೇ.

ಕತ್ತರಿಯಕ್ಕ ಊರಿನ ಇನ್ನೊಂದು ತುದಿಯಲ್ಲಿದ್ದಳು. ತಿಂಗಳಿಗೆ ಎರಡು ಸಲ ಹೋಗುತ್ತಿದ್ದಳು. ಕೆಲಸ ಹೆಚ್ಚಿದ್ದರೆ ಒಂದು ಸಲ. ಆದರೆ ಅಣ್ಣ ದಿನವೂ ಮಧ್ಯಾಹ್ನ ಫೋನ್ ಮಾಡುತ್ತಿದ್ದ. ಅಮ್ಮ ಮನೆಗೆ ಬಂದವರನ್ನೆಲ್ಲ "ನೀವು ಯಾರ ಮನೆಯೋರು?" ಎಂದು ಕೇಳುವುದನ್ನು ರೂಢಿ ಮಾಡಿಕೊಂಡಿದ್ದಳು. ಸಿಲಿಂಡರ್ ಹೊತ್ತು ತಂದವನನ್ನು ಹಾಗೆ ಕೇಳಿದ್ದು, ನಾಡಿ ಹಿಡಿದಿದ್ದ ಡಾಕ್ಟರನ್ನು ಕೇಳಿದ್ದು, ಕೊನೆಗೆ ಕನ್ನಡಿಯಲ್ಲಿ ಕಂಡ ತನ್ನ ಮುಖವನ್ನೇ ಬಲು ಮರ್ಯಾದೆಯಿಂದ ವಿಚಾರಿಸಿಕೊಂಡು, ಉತ್ತರ ಬಾರದ್ದಕ್ಕೆ ಸೊಕ್ಕಿನವಳು ಎಂದು ಬೈದದ್ದು, ಎಲ್ಲವನ್ನೂ ಅಣ್ಣ ಅಮ್ಮನ ದನಿಯಲ್ಲೇ ಹೇಳುತ್ತಿದ್ದ. ಕತ್ತರಿಯಕ್ಕ ಕಣ್ಣಲ್ಲಿ ನೀರು ಬರುವಷ್ಟು ನಗುತ್ತಿದ್ದಳು. ಫೋನ್ ಇಟ್ಟ ಮೇಲೆ ಪಕ್ಕದ ಕೋಣೆಯವರಿಗೂ ಹೇಳಿ ನಗಿಸುತ್ತಿದ್ದಳು. ಅಮ್ಮ ಅವಳನ್ನು ಆ ಪ್ರಶ್ನೆ ಕೇಳಿದ್ದು ಒಂದೇ ಸಲ. ಆಗಲೂ ಅವಳು ನಕ್ಕುಬಿಟ್ಟಿದ್ದಳು.

ಅಮ್ಮ ತೀರಿಕೊಂಡ ಮರುವರ್ಷ ಅಣ್ಣ ಆ ಎರಡು ವರ್ಷಗಳನ್ನೇ ಸಿನಿಮಾ ಮಾಡಲು ಹೊರಟ. ಬಾಗಿಲು ಕಿಟಕಿ ಮಾಡಿಸಿ ಮಾರುವ ವ್ಯಾಪಾರಿಯೊಬ್ಬರು ನಿರ್ಮಾಪಕರಾದರು. ಅವರ ತಂದೆಗೂ ಇದೇ ಕಾಯಿಲೆ ಬಂದು ಹೋಗಿತ್ತು. ಅಮ್ಮನ ಪಾತ್ರಕ್ಕೆ ಎಪ್ಪತ್ತಮೂರರ ಒಬ್ಬ ಹಳೆಯ ನಟಿ ಸಿಕ್ಕರು. ಜೀವಮಾನವಿಡೀ ನೆರೆಮನೆಯವಳು, ಅಡುಗೆಯವಳು, ಆಸ್ಪತ್ರೆಯಲ್ಲಿ ಅಳುವವಳು ಎಂದೇ ಬಂದು ಹೋದ ಅವರಿಗೆ ಇದು ಮೊದಲ ದೊಡ್ಡ ಪಾತ್ರ. ಬಾಡಿಗೆಗೆ ಹಿಡಿದ ಒಂದು ಮನೆಯಲ್ಲಿ ಇಪ್ಪತ್ತನಾಲ್ಕು ದಿನಕ್ಕೆ ಚಿತ್ರೀಕರಣ ಮುಗಿಯಿತು.

ಸಿನಿಮಾ ಕತ್ತರಿಯಕ್ಕನ ಕೋಣೆಗೆ ಬಂತು. ಅಣ್ಣ ಪಕ್ಕದಲ್ಲಿ ಕೂತ. ಅವಳು ಎಂದಿನ ಹಾಗೆ ಪುಸ್ತಕ, ಪೆನ್ಸಿಲ್ ಹಿಡಿದು ನೋಡಿದಳು. ನಿಧಾನದ ಸಿನಿಮಾ. ನಡುನಡುವೆ ನಗು ಬರುವ ಜಾಗಗಳಿದ್ದವು. ಎಣಿಸಿ ಬರೆದುಕೊಂಡಾಗ ಹದಿನಾಲ್ಕಾದವು. ಕೊನೆಯಲ್ಲಿ ಮಗ ತಾಯಿಯ ಕಾಲುಗುರು ಕತ್ತರಿಸುತ್ತಿರುತ್ತಾನೆ. ಅದುವರೆಗೆ ಲೋಕವನ್ನೆಲ್ಲ ಕೇಳಿದ ಪ್ರಶ್ನೆಯನ್ನು ಆಕೆ ಅವನೊಬ್ಬನಿಗೆ ಕೇಳಿರುವುದಿಲ್ಲ. ಬಹಳ ಹೊತ್ತು ಮುಖ ನೋಡಿ, ಈಗ ಅವನನ್ನೂ ಕೇಳುತ್ತಾಳೆ, ನೀವು ಯಾರ ಮನೆಯೋರು ಎಂದು. ಅವನು ತಲೆ ಎತ್ತದೆ, "ಇದೇ ಮನೆಯೋನಮ್ಮ" ಎನ್ನುತ್ತಾನೆ. ಅಲ್ಲಿಗೆ ಮುಗಿಯುತ್ತದೆ. ಕತ್ತರಿಯಕ್ಕನ ಕೈ ತನ್ನ ಪಾಡಿಗೆ ಆ ದೃಶ್ಯದ ಸಮಯವನ್ನು ಗುರುತು ಹಾಕಿಕೊಂಡಿತು.

ಮೊದಲು ಅವಳು ಮಾಡಿದ್ದು ಸಿನಿಮಾದ ಹಾಗೆಯೇ ಇದ್ದ ಟ್ರೇಲರ್. ಮುದುಕಿ ಒಂದು ಹೊದಿಕೆಯನ್ನು ಮಡಿಸುತ್ತಾಳೆ, ಬಿಚ್ಚುತ್ತಾಳೆ, ಮತ್ತೆ ಮಡಿಸುತ್ತಾಳೆ. ಮಗ ಬಾಗಿಲಲ್ಲಿ ನಿಂತು ನೋಡುತ್ತಾನೆ. ಅದನ್ನು ಸಿನಿಮಾ ಹಂಚಿಕೆ ಮಾಡುವವರಿಗೆ ತೋರಿಸಿದಳು. ಬಿಳಿಗೂದಲಿನ, ಕೆಟ್ಟವರೇನೂ ಅಲ್ಲದ ಮನುಷ್ಯ.

"ಚೆನ್ನಾಗಿದೆಯಮ್ಮ. ಆದ್ರೆ ಇದನ್ನ ನೋಡಿ ಯಾರು ಮನೆಯಿಂದ ಎದ್ದು ಬರ್ತಾರೆ, ನೀವೇ ಹೇಳಿ" ಎಂದರು. ಹೀಗಾದರೆ ಎರಡು ಚಿತ್ರಮಂದಿರ, ಬೆಳಗಿನ ಆಟ, ಅಷ್ಟೇ ತಮ್ಮಿಂದಾಗುವುದು ಎಂದೂ ಸೇರಿಸಿದರು.

ಮೂವತ್ತು ವರ್ಷ ಕಾದ ಅಣ್ಣನ ಸಿನಿಮಾ ಎರಡು ಬೆಳಗಿನ ಆಟಕ್ಕೆ ಮುಗಿಯುವುದೇ ಎಂದು ಅವಳಿಗೆ ಸಹಿಸಲಾಗಲಿಲ್ಲ. ಕೋಣೆಗೆ ವಾಪಸು ಹೋಗಿ, ಹದಿನಾಲ್ಕು ಜಾಗಗಳನ್ನೂ ತೆಗೆದು ಸಾಲಾಗಿ ಇಟ್ಟಳು. ಸಿಲಿಂಡರಿನವನು, ಡಾಕ್ಟರ್, ಕನ್ನಡಿ. ನಡುನಡುವೆ ಅದೇ ಪ್ರಶ್ನೆ, ಪ್ರತಿ ಸಲವೂ ಅದರ ಬೆನ್ನಿಗೆ ಟಣ್ ಎನ್ನುವ ಒಂದು ಗಂಟೆಯ ಸದ್ದು. ಕೇಳಿಸಿಕೊಂಡವರ ಪೆಚ್ಚು ಮುಖ. ಎರಡು ನಿಮಿಷದಲ್ಲಿ ಆ ಪ್ರಶ್ನೆ ಐದು ಸಲ ಬಂತು. ಕೊನೆಯ ದೃಶ್ಯವನ್ನು ಅವಳು ಮುಟ್ಟಲಿಲ್ಲ. ಐದನೆಯ ಗಂಟೆಯನ್ನು ಜೋಡಿಸುವಾಗ ಕೈ ಒಂದು ಗಳಿಗೆ ನಿಂತದ್ದುಂಟು. ಈ ಮಾತು ಕೇಳಿದರೆ ನಗಬೇಕು ಎಂದು ಜನರಿಗೆ ಈಗಲೇ ಕಲಿಸಿಬಿಟ್ಟರೆ, ಆ ಕೊನೆಯ ದೃಶ್ಯದಲ್ಲಿ ಏನಾದೀತು? ಪ್ರಶ್ನೆ ಅವಳ ತಲೆಗೆ ಬಂತು. ಮೊದಲು ಒಳಗೆ ಬರಲಿ, ಆಮೇಲೆ ನೋಡಿಕೊಳ್ಳೋಣ ಎಂದು ಅದನ್ನು ಬದಿಗೆ ಸರಿಸಿದಳು.

ಅಣ್ಣನಿಗೆ ತೋರಿಸಿದಾಗ ಅವನು ಎರಡು ಸಲ ನೋಡಿದ. ಮೊದಲ ಸಲ ನಕ್ಕ. ಎರಡನೆಯ ಸಲ ನಗಲಿಲ್ಲ.

"ಅಮ್ಮ ಇಷ್ಟೊಂದು ನಗಿಸ್ತಿದ್ಲಾ ಪುಟ್ಟಿ?" ಎಂದ. ಐವತ್ತೊಂದಾದರೂ ಅವಳು ಅವನಿಗೆ ಪುಟ್ಟಿಯೇ.

"ಬಾಗಿಲವರೆಗೂ ಕರ್ಕೊಂಡು ಬರೋದು ನನ್ನ ಕೆಲಸ ಅಣ್ಣ. ಒಳಗೆ ಬಂದ್ಮೇಲೆ ಹಿಡಿದು ಕೂರಿಸೋದು ನಿಂದು. ನಿನ್ನ ಸಿನಿಮಾ ಹಿಡಿದು ಕೂರಿಸತ್ತೆ."

ಅವನು ತಲೆಯಾಡಿಸಿದ. ಈ ವಿಷಯದಲ್ಲಿ ತಂಗಿಗಿಂತ ಹೆಚ್ಚು ತಿಳಿದವರು ಯಾರಿದ್ದಾರೆ?

ಟ್ರೇಲರ್ ಬಂದ ಮೂರು ದಿನಕ್ಕೆ ಊರ ಬಾಯಲ್ಲೆಲ್ಲ ಅದೇ ಮಾತು. ಬಸ್ಸಿನಲ್ಲಿ ಕಂಡಕ್ಟರ್ ಟಿಕೆಟ್ ಕೇಳುವ ಬದಲು ನೀವು ಯಾರ ಮನೆಯೋರು ಎಂದು ಕೇಳಿ ನಗಿಸುತ್ತಿದ್ದ. ಶಾಲೆಯ ಮಕ್ಕಳು ಒಬ್ಬರ ಕಿವಿಯಲ್ಲೊಬ್ಬರು ಹೇಳಿ ಬಾಯಲ್ಲೇ ಟಣ್ ಎನ್ನುತ್ತಿದ್ದರು. ಮದುವೆಯಾಗಿ ಹತ್ತು ವರ್ಷವಾದ ಗಂಡಂದಿರು ಹೆಂಡತಿಯರನ್ನು ಕೇಳಿ, ಅದನ್ನು ಫೋನಿನಲ್ಲಿ ಹಿಡಿದು, ಎಲ್ಲರಿಗೂ ಕಳಿಸುತ್ತಿದ್ದರು. ಹಂಚಿಕೆಯವರು ಅರವತ್ತು ಚಿತ್ರಮಂದಿರ ಕೊಟ್ಟರು. ದಾರಿಯಲ್ಲಿ ಗುರುತು ಸಿಕ್ಕವರು ಅಣ್ಣನ ಕೈ ಕುಲುಕುತ್ತಿದ್ದರು. ಅವನ ಮುಖದಲ್ಲಿ ಅಷ್ಟು ಬೆಳಕನ್ನು ಅವಳು ಅದಕ್ಕೆ ಮುಂಚೆ ಕಂಡಿರಲಿಲ್ಲ. ಅದೇ ವಾರ ನಿರ್ಮಾಪಕರ ವಯಸ್ಸಾದ ತಾಯಿ, ತನ್ನ ಗಂಡನಿಗಿದ್ದ ಕಾಯಿಲೆ ನಗೆಪಾಟಲಾಗುವ ಜಾಗಕ್ಕೆ ಕಾಲಿಡುವುದಿಲ್ಲ ಎಂದು ಮಗನಿಗೆ ಹೇಳಿಬಿಟ್ಟರು. ಅದು ಕಿವಿಗೆ ಬಿದ್ದಾಗ ಕತ್ತರಿಯಕ್ಕನಿಗೆ ಚುರ್ ಎಂದಿತು. ಆ ತಾಯಿಯಂಥವರಿಗಾಗಿಯೇ ಅಣ್ಣ ಆ ಸಿನಿಮಾ ಮಾಡಿದ್ದ.

ಮೊದಲ ದಿನದ ಮಧ್ಯಾಹ್ನದ ಆಟಕ್ಕೆ ಒಂದು ಕುರ್ಚಿಯೂ ಖಾಲಿ ಇರಲಿಲ್ಲ. ಕೊನೆಯ ಸಾಲಿನಲ್ಲಿ ಅಣ್ಣ, ಅತ್ತಿಗೆ, ಹಳೆಯ ನಟಿ, ತುದಿಯಲ್ಲಿ ಕತ್ತರಿಯಕ್ಕ. ಮುದುಕಿ ಪರದೆಯ ಮೇಲೆ ಕಾಣಿಸಿಕೊಂಡ ತಕ್ಷಣವೇ ಶಿಳ್ಳೆ ಬಿತ್ತು. ನಟಿ ಬಾಯಿಗೆ ಸೆರಗು ಹಿಡಿದುಕೊಂಡರು, ಸಂತೋಷಕ್ಕೆ. ಮಧ್ಯಂತರದವರೆಗೆ ನಗು ಅಲೆಅಲೆಯಾಗಿ ಬಂತು. ಅಣ್ಣ ಕತ್ತಲಲ್ಲೇ ಕೈ ಚಾಚಿ ತಂಗಿಯ ಕೈ ಅದುಮಿದ.

ಮಧ್ಯಂತರ ಮುಗಿದ ಮೇಲೆ ಸಿನಿಮಾ ಮೆಲ್ಲಗೆ ಕತ್ತಲಿಗೆ ಇಳಿಯುತ್ತದೆ. ಜನ ಇಳಿಯಲಿಲ್ಲ. ಮುಂದಿನ ನಗು ಎಲ್ಲಿ ಎಂದು ಕಾದು ಕೂತರು. ಮುದುಕಿ ಹಾಸಿಗೆ ಒದ್ದೆ ಮಾಡಿಕೊಂಡು ನಾಚಿ ಮುದುಡುವಲ್ಲಿ ಎಡಗಡೆಯಿಂದ ಕಿಸಕ್ಕೆಂದ ಸದ್ದು. ಮಗ ಬೀದಿಬೀದಿ ಹುಡುಕುವಲ್ಲಿ ಯಾರೋ ಟಣ್ ಎಂದರು. ಕತ್ತರಿಯಕ್ಕ ತಲೆಗಳನ್ನು ನೋಡುತ್ತಿದ್ದಳು. ಅವು ಅತ್ತಿತ್ತ ಹೊರಳುತ್ತಿದ್ದವು, ಫೋನಿನ ಬೆಳಕಿನಲ್ಲಿ ತಗ್ಗುತ್ತಿದ್ದವು.

ಕೊನೆಯ ದೃಶ್ಯ ಬಂತು. ಮಗ ಉಗುರು ಕತ್ತರಿಸುತ್ತಿದ್ದಾನೆ. ತಾಯಿ ಅವನ ಮುಖವನ್ನು ನೋಡುತ್ತಿದ್ದಾಳೆ. ತಲೆಗಳೆಲ್ಲ ಒಟ್ಟಿಗೆ ನೆಟ್ಟಗಾದವು. ಮುದುಕಿ ಬಾಯಿ ತೆರೆಯುವ ಮೊದಲೇ ಮುಂದಿನ ಸಾಲಿನಿಂದ ಒಬ್ಬ ಕೂಗಿದ, "ನೀವು ಯಾರ ಮನೆಯೋರು?" ಇಡೀ ಚಿತ್ರಮಂದಿರ ಅವನ ಜೊತೆ ದನಿಗೂಡಿಸಿತು. ಗಂಟೆಯ ಸದ್ದನ್ನೂ ಬಾಯಲ್ಲೇ ಹೊಡೆದರು. ಹೋ ಎಂದು ಎದ್ದ ನಗುವಿನಲ್ಲಿ ಮುದುಕಿ ಕೇಳಿದ್ದೂ ಕೇಳಿಸಲಿಲ್ಲ, ಮಗನ ಉತ್ತರವೂ ಕೇಳಿಸಲಿಲ್ಲ. ದೀಪ ಹತ್ತಿದಾಗ ಇಷ್ಟಕ್ಕೇ ಮುಗಿಯಿತೇ ಎಂದು ಜನ ಒಬ್ಬರ ಮುಖ ಒಬ್ಬರು ನೋಡಿಕೊಂಡರು.

ಹಳೆಯ ನಟಿ ಪರದೆಯನ್ನೇ ದಿಟ್ಟಿಸುತ್ತಿದ್ದರು. ಅಣ್ಣ ಎದ್ದು, ಅವರ ತೋಳು ಹಿಡಿದು, ಮೆಟ್ಟಿಲು ನೋಡಿಕೊಂಡು ಇಳಿಯಿರಿ ಎಂದ.

ಹೊರಗೆ ಹಜಾರದಲ್ಲಿ ಒಬ್ಬ ಮನುಷ್ಯ ಟಿಕೆಟ್ ಹರಿಯುವವನೊಂದಿಗೆ ಜಗಳಕ್ಕೆ ನಿಂತಿದ್ದ. ಇಸ್ತ್ರಿ ಮಾಡಿದ ಅಂಗಿ, ನಿದ್ದೆಗೆಟ್ಟ ಕಣ್ಣು. ಟಿಕೆಟ್ಟಿನವನಾದರೂ ಏನು ಮಾಡಿಯಾನು, ಸುಮ್ಮನೆ ಕೇಳಿಸಿಕೊಳ್ಳುತ್ತಿದ್ದ.

"ನಮ್ಮಮ್ಮ ಮನೇಲಿ ಹೀಗೇ ಇದ್ದಾಳೆ. ಪಕ್ಕದ ಮನೆಯವರ ಕೈಲಿ ಬಿಟ್ಟು, ಎರಡು ಗಂಟೆ ನಕ್ಕು ಬರೋಣ ಅಂತ ಬಂದೆ. ನೀವು ತೋರಿಸಿದ್ದೇನು, ಒಳಗಿರೋದೇನು?"

ಕತ್ತರಿಯಕ್ಕ ಅವನ ಹತ್ತಿರ ಹೋಗಬೇಕೆಂದುಕೊಂಡಳು. ಆದರೆ ಕಂಬದ ಪಕ್ಕ ನಿಂತೇ ಇದ್ದಳು. ಅವನು ಕೂಗಿ ಸುಸ್ತಾಗಿ, ಗಡಿಯಾರ ನೋಡಿಕೊಂಡು, ಓಡುನಡಿಗೆಯಲ್ಲಿ ಹೊರಟುಹೋದ.

ಸಂಜೆಯೊಳಗೆ ಮೋಸ, ಟೋಪಿ, ಅಳುಮುಂಜಿ ಎಂಬ ಮಾತುಗಳು ಎಲ್ಲ ಕಡೆ ಹರಡಿದವು. ಶನಿವಾರ ಅರ್ಧ ಚಿತ್ರಮಂದಿರ ಖಾಲಿ. ಭಾನುವಾರ ಬೆಳಗ್ಗೆ ಅವಳು ಯಾರೂ ಕೇಳದಿದ್ದರೂ ಸ್ಟುಡಿಯೋಗೆ ಹೋಗಿ, ಮಡಿಸುವ ಹೊದಿಕೆಯ ಆ ಮೊದಲ ಟ್ರೇಲರನ್ನು ತಿದ್ದಿ ಬಿಡುಗಡೆ ಮಾಡಿಸಿದಳು. ನೋಡಿದವರು ಬೆರಳೆಣಿಕೆಯಷ್ಟು. ಅದರ ಕೆಳಗೂ ಜನ ನೀವು ಯಾರ ಮನೆಯೋರು ಎಂದೇ ಬರೆದು ನಗುವ ಮುಖ ಅಂಟಿಸಿದ್ದರು. ಸೋಮವಾರ ಸಿನಿಮಾ ಎತ್ತಂಗಡಿಯಾಯಿತು. ಬೆಳಗಿನ ಎರಡು ಆಟವೂ ಉಳಿಯಲಿಲ್ಲ.

ಆ ವಾರದ ಕೊನೆಗೆ ಅವಳು ಅಣ್ಣನ ಮನೆಗೆ ಹೋದಳು. ಅಣ್ಣ ಹಿತ್ತಲಲ್ಲಿ ನಲ್ಲಿ ರಿಪೇರಿ ಮಾಡುತ್ತಿದ್ದ. ಅತ್ತಿಗೆ ಬಟ್ಟೆ ಮಡಿಸುತ್ತಾ ಮುಖ ಎತ್ತದೆ ಕೂರು ಎಂದರು. ಕತ್ತರಿಯಕ್ಕ ತಪ್ಪಾಯಿತು ಎಂದಳು. ಅಣ್ಣನಿಗೆ ಒಳ್ಳೆಯದಾಗಲೆಂದು ಮಾಡಿದೆ, ಅಮ್ಮನ ಆ ಮಾತು ಕೇಳಿದಾಗಲೆಲ್ಲ ತನಗೆ ನಗುವೇ ಬರುತ್ತಿತ್ತು ಎಂದಳು.

ಅತ್ತಿಗೆ ಕೈಯಲ್ಲಿದ್ದ ಬಟ್ಟೆ ಕೆಳಗಿಟ್ಟರು. "ನಿಂಗೆ ಅವ್ರು ನಗ್ತಾನೇ ಹೇಳ್ತಿದ್ರು, ನಾನೂ ಕೇಳಿಸ್ಕೋತಿದ್ದೆ. ಫೋನ್ ಇಟ್ಮೇಲೆ ಬಚ್ಚಲಿಗೆ ಹೋಗಿ ನಲ್ಲಿ ಬಿಟ್ಕೊಂಡು ನಿಲ್ತಿದ್ರು. ಎರಡು ವರ್ಷ. ನೀನು ಬಂದು ನೋಡಿದ್ದು ಎಷ್ಟು ದಿನ?"

ದನಿಯಲ್ಲಿ ಸಿಟ್ಟಿರಲಿಲ್ಲ, ದಣಿವಿತ್ತು. ಅಷ್ಟರಲ್ಲಿ ಅಣ್ಣ ಒದ್ದೆ ಕೈ ಒರೆಸಿಕೊಳ್ಳುತ್ತಾ ಒಳಗೆ ಬಂದ. ಎಲ್ಲ ಕೇಳಿಸಿತ್ತೆಂದು ಮುಖವೇ ಹೇಳುತ್ತಿತ್ತು. ಅವನು ಹೆಂಡತಿಯನ್ನು ಗದರಲಿಲ್ಲ, ತಂಗಿಯನ್ನು ದೂರಲಿಲ್ಲ. ಅಮ್ಮನನ್ನು ಹಾಗೆ ತೋರಿಸಿದ್ದು ಮೊದಲು ತಾನೇ, ಫೋನಿನಲ್ಲಿ. ಅವಳು ಅದನ್ನು ನಂಬಿದಳು, ಅದರಲ್ಲಿ ಅವಳ ತಪ್ಪೇನು ಎಂದ. ಅವನು ನಾಲ್ಕು ಬೈದಿದ್ದರೆ ಅವಳಿಗೆ ಹಗುರವಾಗುತ್ತಿತ್ತು.

ಅಣ್ಣ ಮತ್ತೆ ಸಿನಿಮಾ ಮಾಡಲಿಲ್ಲ. ಟಿವಿ ಧಾರಾವಾಹಿಯೊಂದರಲ್ಲಿ ಸಹನಿರ್ದೇಶಕನಾಗಿ ಸೇರಿಕೊಂಡ. ತಂಗಿಯನ್ನು ದೂರ ಮಾಡಲಿಲ್ಲ. ಮನೆಗೆ ಹೋದರೆ ಕುಶಲ ವಿಚಾರಿಸುತ್ತಿದ್ದ, ಹೊರಡುವಾಗ ಗೇಟಿನವರೆಗೆ ಬರುತ್ತಿದ್ದ. ಆದರೆ ಮಾತು ಹವೆ, ಮೈನೋವು, ಸಾಮಾನಿನ ಬೆಲೆಗಳನ್ನು ದಾಟಿ ಮುಂದೆ ಹೋಗುತ್ತಿರಲಿಲ್ಲ.

ಕತ್ತರಿಯಕ್ಕ ಇನ್ನೂ ಒಂದು ವರ್ಷ ಟ್ರೇಲರ್ ಮಾಡಿದಳು. ಕೈ ನಡೆಯುತ್ತಿತ್ತು, ಮನಸ್ಸು ಮುರಿದಿತ್ತು. ಮೊದಲ ದಿನದ ಆಟಕ್ಕೆ ಹೋಗುವುದನ್ನು ನಿಲ್ಲಿಸಿದಳು. ಹೊಸ ನಿರ್ಮಾಪಕನೊಬ್ಬ ಬಂದು, ಆ ಮುದುಕಿಯ ಟ್ರೇಲರ್ ಇತ್ತಲ್ಲ, ಅದೇ ಥರ ಬಾಯಿಗೆ ಅಂಟಿಕೊಳ್ಳುವಂಥದ್ದು ಬೇಕು ಎಂದು ಬಾಯ್ತುಂಬ ಹೊಗಳಿದ ದಿನ, ತನಗೆ ಕಣ್ಣು ಮಂಜಾಗಿದೆ ಎಂದು ಹೇಳಿ ಕಳಿಸಿದಳು. ಮರುದಿನ ಮಾಲೀಕರ ಬಳಿ ಹೋಗಿ ಡಬ್ಬಿಂಗ್ ವಿಭಾಗಕ್ಕೆ ಹಾಕಿಸಿಕೊಂಡಳು. ತುಟಿಗೂ ಮಾತಿಗೂ ಹೊಂದುತ್ತದೆಯೇ ಎಂದು ನೋಡುವ ಕೆಲಸ. ಯಾರನ್ನೂ ಎಲ್ಲಿಗೂ ಕರೆಯಬೇಕಾಗಿಲ್ಲ.

ಹಳೆಯ ನಟಿ ಆ ಸಿನಿಮಾದ ನಂತರ ಅಂಗಡಿಗೆ ಹೋಗುವುದನ್ನೂ ಬಿಟ್ಟಿದ್ದರು. ಕಂಡವರೆಲ್ಲ ಅದೇ ಪ್ರಶ್ನೆ ಕೇಳಿ, ಅವರೂ ಒಮ್ಮೆ ಅದನ್ನು ಹೇಳಲಿ ಎಂದು ಫೋನ್ ಹಿಡಿದು ಕಾಯುತ್ತಿದ್ದರಂತೆ. ಮೂರನೆಯ ವರ್ಷ ಒಂದು ಬೆಳಗ್ಗೆ ಅವರು ತೀರಿಕೊಂಡ ಸುದ್ದಿ ಟಿವಿಯಲ್ಲಿ ಬಂತು. ಸುದ್ದಿಯ ಜೊತೆ ತೋರಿಸಿದ್ದು ಕತ್ತರಿಯಕ್ಕ ಮಾಡಿದ ಟ್ರೇಲರ್. ಸಿಲಿಂಡರಿನವನು, ಡಾಕ್ಟರ್, ಕನ್ನಡಿ, ಗಂಟೆ. ಅವಳು ಸುದ್ದಿಮನೆಗೆ ಫೋನ್ ಮಾಡಿ, ದಯವಿಟ್ಟು ಇದನ್ನು ನಿಲ್ಲಿಸಿ, ಸಿನಿಮಾದಿಂದಲೇ ಅವರ ಒಳ್ಳೆಯ ದೃಶ್ಯವೊಂದನ್ನು ಕಳಿಸುತ್ತೇನೆ ಎಂದು ಕೇಳಿಕೊಂಡಳು. ಫೋನ್ ಎತ್ತಿದಾಕೆ ಸಭ್ಯಳು. ಜನರಿಗೆ ಅವರು ಗೊತ್ತಿರುವುದೇ ಇದರಿಂದ ಮೇಡಂ, ಬೇರೆ ಹಾಕಿದರೆ ಯಾರು ಸತ್ತರೆಂದೇ ತಿಳಿಯುವುದಿಲ್ಲ ಎಂದಳು. ಕತ್ತರಿಯಕ್ಕ ಆದರೂ ಕಳಿಸಿದಳು. ಸಂಜೆಯವರೆಗೂ ಟಿವಿಯಲ್ಲಿ ಗಂಟೆಯೇ ಬಾರಿಸುತ್ತಿತ್ತು.

ನಟಿಯ ಮನೆಯ ಮುಂದೆ ಹೆಚ್ಚು ಜನರಿರಲಿಲ್ಲ. ಅಣ್ಣ ಧಾರಾವಾಹಿಯ ಸೆಟ್ಟಿನಿಂದ ನೇರ ಬಂದಿದ್ದ. ಕೊರಳಲ್ಲಿ ಗುರುತಿನ ಚೀಟಿ ಇನ್ನೂ ತೂಗುತ್ತಿತ್ತು. ಎಲ್ಲ ಮುಗಿದ ಮೇಲೆ ಇಬ್ಬರೂ ಬಸ್ ನಿಲ್ದಾಣದವರೆಗೆ ನಡೆದು ಕಲ್ಲುಬೆಂಚಿನ ಮೇಲೆ ಕೂತರು. ಟ್ರೇಲರ್ ಮಾಡೋದು ಬಿಟ್ಟೆಯಂತೆ ಎಂದು ಅವನು ಕೇಳಿದ. ಹೌದು ಎಂದಳು. ಯಾಕೆ ಎಂದು ಅವನು ಕೇಳಲಿಲ್ಲ. ಕೊರಳಿನ ಗುರುತಿನ ಚೀಟಿ ತೆಗೆದು ಜೇಬಿಗೆ ಹಾಕಿಕೊಂಡ.

"ಒಂದು ವಿಷಯ ಯಾರಿಗೂ ಹೇಳಿಲ್ಲ ಪುಟ್ಟಿ" ಎಂದ ಆಮೇಲೆ. "ಅವತ್ತು ಕೊನೇ ಸೀನಲ್ಲಿ ಎಲ್ರೂ ನಕ್ಕಾಗ, ನಂಗೂ ನಗು ಬಂದುಬಿಡ್ತು. ಆ ಟ್ರೇಲರ್ ಅಷ್ಟು ಸಲ ನೋಡಿದ್ದೆ. ಕಾಲುಗುರು ಕತ್ತರಿಸಿದ್ದು ನಾನು, ಆ ಮಾತು ಕೇಳಿಸ್ಕೊಂಡಿದ್ದು ನಾನು. ಆದ್ರೂ ಬಂತು. ಈಗ್ಲೂ ಅಮ್ಮನ ನೆನಪಾದ್ರೆ ಅವಳು ಕೇಳಿದ ತಕ್ಷಣ ಟಣ್ ಅನ್ನತ್ತೆ. ಅದಿಲ್ದೆ ಅವಳ ದನಿ ಹೇಗಿತ್ತು ಅಂತ ನೆನಪಿಗೇ ಬರ್ತಿಲ್ಲ."

ಅವಳು ಅವನ ಕಡೆ ತಿರುಗಿದಳು. ತಾನೂ ಅಮ್ಮನ ಆ ದನಿಯನ್ನು ನೆನಪಿನಲ್ಲಿ ಹುಡುಕಿ ನೋಡಿದಳು, ಅವಳಿಗೂ ಸಿಗಲಿಲ್ಲ. ಅಣ್ಣನ ತೋಳಿನ ಮೇಲೆ ಕೈ ಇಟ್ಟಳು. ಅವನು ಅದನ್ನು ಸರಿಸಲಿಲ್ಲ.

ಬಸ್ಸು ಬಂತು. ಒಳಗೆ ಒಂದೇ ಒಂದು ಸೀಟು ಖಾಲಿ ಇತ್ತು. ಅವನು ಅವಳನ್ನು ಕೂರಿಸಿ, ಅವಳ ಚೀಲವನ್ನೂ ತಾನೇ ಹಿಡಿದುಕೊಂಡು, ಕಂಬಿ ಹಿಡಿದು ನಿಂತ. ಅವನ ನಿಲ್ದಾಣ ಬಂದಾಗ ಚೀಲವನ್ನು ಅವಳ ಮಡಿಲಲ್ಲಿಟ್ಟು ಇಳಿದ.